ಬಿಚ್ಚಿ ಹರವುತ್ತಿದ್ದ ಮೇಷ್ಟ್ರು

ಅವರ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಐದು ವರ್ಷಗಳ ಹಿಂದೆ ನಾನು ಸಿದ್ಧಪಡಿಸಿದ ಒಂದು ವರದಿಯಲ್ಲಿ ಆ ಹೆಸರನ್ನು ಏಳು ಸಲ ಬರೆದಿದ್ದೆ. ಅಷ್ಟು ಸಾಕು.

ಕಳೆದ ಮಳೆಗಾಲದಲ್ಲಿ ಅವರು ತೀರಿಕೊಂಡರು. ಕೊಟ್ಟೂರಿನಲ್ಲಿ ಅವರ ಮಣ್ಣಾದ ಸುದ್ದಿ ನನ್ನನ್ನು ತಲುಪಿದ್ದು ಹನ್ನೊಂದು ದಿನ ತಡವಾಗಿ. ನಮ್ಮ ಕಡೆ ಶಿಕ್ಷಕರು ನಿವೃತ್ತರಾದರೆ ಶಾಲು ಹೊದಿಸುತ್ತಾರೆ, ಹಳೆಯ ವಿದ್ಯಾರ್ಥಿಗಳು ಕಾಲಿಗೆ ಬೀಳುತ್ತಾರೆ, ಯಾರಾದರೂ ಒಬ್ಬರು ಅವರ ಗುಣಗಾನದ ನಡುವೆ ಕಣ್ಣೊರೆಸಿಕೊಳ್ಳುತ್ತಾರೆ. ಅತಿಥಿ ಶಿಕ್ಷಕರಿಗೆ ಇದಾವುದೂ ಇಲ್ಲ. ಜೂನಿನಲ್ಲಿ ಕರೆಸಿಕೊಂಡು, ಪರೀಕ್ಷೆ ಮುಗಿದೊಡನೆ ಬಿಟ್ಟುಕಳಿಸಿ, ಮತ್ತೆ ಕರೆಯುತ್ತಾರೋ ಇಲ್ಲವೋ ಎಂದು ಪ್ರತಿ ಬೇಸಿಗೆಯೂ ಕಾಯಿಸುವ ಏರ್ಪಾಡು ಅದು. ಹತ್ತಾರು ವರ್ಷ ಪಾಠ ಮಾಡಿದವರನ್ನು ಅತಿಥಿ ಎನ್ನುವುದು ಅನ್ಯಾಯ. ಈ ಮಾತನ್ನು ಕೂಡ್ಲಿಗಿಯಿಂದ ಹಡಗಲಿಯವರೆಗೆ ಎಷ್ಟೋ ಸಭೆಗಳಲ್ಲಿ ನಾನು ಹೇಳಿದ್ದೇನೆ. ಅನ್ಯಾಯಗಳನ್ನು ಹೆಸರು ಹಿಡಿದು ಕರೆಯುವುದೇ ನನ್ನ ಕೆಲಸವಾಗಿತ್ತು. ಈ ಬರಹದಲ್ಲಿಯೂ ಅದನ್ನೇ ಮಾಡಬೇಕಾಗಿದೆ. ಆದರೆ ಈ ಸಲ ಕರೆಯಬೇಕಾದ ಮೊದಲ ಹೆಸರು ನನ್ನದು.

ನಾನು ಹರಪನಹಳ್ಳಿಯ ಬಟ್ಟೆ ಅಂಗಡಿಯ ಮನೆಯವಳು. ಅಪ್ಪ ನನ್ನನ್ನು ದೂರದ ಒಂದು ಶಾಲೆಗೆ ಹಾಕಿದ್ದರು. ಅಲ್ಲಿ ಗಂಟೆ ಬಾರಿಸುತ್ತಿರಲಿಲ್ಲ, ಅಂಕ ಹಾಕುತ್ತಿರಲಿಲ್ಲ, ಶಿಕ್ಷಕರನ್ನು ಅಕ್ಕ ಅಣ್ಣ ಎಂದು ಕರೆಯುತ್ತಿದ್ದೆವು. ಮಗು ತಾನೇ ಕಂಡುಕೊಂಡದ್ದು ಮಾತ್ರ ಕಲಿಕೆ, ಉಳಿದದ್ದೆಲ್ಲ ಹೇರಿಕೆ ಎಂಬುದು ಅಲ್ಲಿ ನನ್ನ ಮೈಗೆ ಹತ್ತಿದ ನಂಬಿಕೆ. ಆ ನಂಬಿಕೆ ತಪ್ಪೆಂದು ಇಂದಿಗೂ ನಾನು ಹೇಳುವುದಿಲ್ಲ. ಅದನ್ನು ಹಿಡಿದುಕೊಂಡೇ, ಸರ್ಕಾರಿ ಶಾಲೆಗಳಲ್ಲಿ ಪಾಠ ನೋಡಿ ಸಲಹೆ ಕೊಡುವ ಒಂದು ಸ್ವಯಂಸೇವಾ ಸಂಸ್ಥೆಯನ್ನು ಸೇರಿದೆ. ಹಗರಿಬೊಮ್ಮನಹಳ್ಳಿಯಲ್ಲಿ ಕೋಣೆ ಹಿಡಿದೆ. ಹಂಪಸಾಗರದ ದಾರಿಯ ಒಂದು ಊರಿನ ಪ್ರೌಢಶಾಲೆ ನನ್ನ ಪಾಲಿಗೆ ಬಂತು. ಅವರು ಅಲ್ಲಿ ಗಣಿತದ ಅತಿಥಿ ಶಿಕ್ಷಕರು.

ಐವತ್ತರ ಆಸುಪಾಸಿನ ತೆಳ್ಳಗಿನ ಮನುಷ್ಯ. ಅಂಗಿಯ ಜೇಬಿನಲ್ಲಿ ಯಾವಾಗಲೂ ಒಂದು ಬೆಂಕಿಪೆಟ್ಟಿಗೆ ಇರುತ್ತಿತ್ತು. ಬೀಡಿ ಸೇದುತ್ತಾರೆಂದು ಮೊದಲ ದಿನ ನಾನು ತಿಳಿದೆ. ತೆರೆದಾಗ ನೋಡಿದರೆ ಒಳಗೆ ಸೀಮೆಸುಣ್ಣದ ತುಂಡುಗಳಿದ್ದವು. ಬೇರೆ ಶಿಕ್ಷಕರು ಬಿಸಾಕಿದ ಚೂರುಗಳನ್ನು ಆರಿಸಿಟ್ಟುಕೊಂಡು, ಬೆರಳ ತುದಿಯಲ್ಲಿ ಹಿಡಿಯಲು ಬರುವವರೆಗೂ ಬರೆಯುತ್ತಿದ್ದರು. ಅವರ ಅಣ್ಣತಮ್ಮಂದಿರದು ಕೊಟ್ಟೂರಿನಲ್ಲಿ ಪಂಪ್‌ಸೆಟ್ಟು ರಿಪೇರಿ ಮಾಡುವ ಗ್ಯಾರೇಜು. ರಜೆಯ ದಿನ ಅವರೂ ಅಲ್ಲಿ ಕೂತು ಕೆಲಸ ಮಾಡುತ್ತಿದ್ದರು. ಆದ್ದರಿಂದ ಉಗುರಿನ ಸಂದಿಯಲ್ಲಿ ಆಯಿಲಿನ ಕಪ್ಪು ಎಂದೂ ಪೂರ್ತಿ ಹೋಗುತ್ತಿರಲಿಲ್ಲ. ನನ್ನ ಟಿಪ್ಪಣಿ ಪುಸ್ತಕದ ಆ ದಿನದ ಪುಟದಲ್ಲಿ "ಸ್ವಚ್ಛತೆ" ಎಂದು ಬರೆದು ಪಕ್ಕದಲ್ಲೊಂದು ಪ್ರಶ್ನೆಯ ಚಿಹ್ನೆ ಹಾಕಿದ್ದೇನೆ. ದುಡಿಮೆಯ ಘನತೆಯ ಬಗ್ಗೆ ಭಾಷಣ ಮಾಡುತ್ತಿದ್ದವಳು ದುಡಿದ ಕೈಗೆ ಹಾಕಿದ ಚಿಹ್ನೆ ಅದು. ಆ ಪುಟವನ್ನು ಹರಿದು ಹಾಕಿಲ್ಲ.

ಕೊಟ್ಟೂರಿನಿಂದ ಬೆಳಗಿನ ಮೊದಲ ಬಸ್ಸು ಹಿಡಿದು, ಹಗರಿಬೊಮ್ಮನಹಳ್ಳಿಯಲ್ಲಿ ಇಳಿದು, ಮತ್ತೊಂದು ಬಸ್ಸು ಹತ್ತಿ ಬರುತ್ತಿದ್ದರು. ಹದಿನಾಲ್ಕು ವರ್ಷ ಹೀಗೆಯೇ ಬಂದವರು. ಸರ್ಕಾರಿ ನೇಮಕಾತಿಯ ವಯಸ್ಸು ಯಾವಾಗಲೋ ಮೀರಿತ್ತು. ಅವರ ಕೈಯಲ್ಲಿ ಕೋಲಿರಲಿಲ್ಲ. ಮಕ್ಕಳನ್ನು ಹೊಡೆಯುವ ಶಿಕ್ಷಕರ ಮೇಲೆ ನಾನು ದೂರು ಕೊಟ್ಟ ಶಾಲೆಗಳು ಹಲವು. ಹೊಡೆಯದ ಈ ಶಿಕ್ಷಕರ ಬಗ್ಗೆ ಆ ಒಂದು ಮಾತನ್ನು ನನ್ನ ವರದಿಯಲ್ಲಿ ಬರೆಯಲಿಲ್ಲ. ಅದು ಮರೆವಲ್ಲ.

ನಾನು ಅವರ ಪಾಠ ನೋಡಲು ಹೋದ ದಿನ ಎಂಟನೆಯ ತರಗತಿಗೆ ಬೀಜೋಕ್ತಿಗಳ ಅಪವರ್ತನ ನಡೆಯುತ್ತಿತ್ತು. ಬೀಜಗಣಿತದ ಎರಡು ಪದಗಳನ್ನು ಕೊಟ್ಟು ಅವುಗಳ ಮಹತ್ತಮ ಸಾಮಾನ್ಯ ಅಪವರ್ತನವನ್ನು, ಎಂದರೆ ಎರಡನ್ನೂ ಶೇಷವಿಲ್ಲದೆ ಭಾಗಿಸುವ ಅತಿ ದೊಡ್ಡ ಪದವನ್ನು, ಕಂಡುಹಿಡಿಯುವ ಪಾಠ. ಅವರು ಬೋರ್ಡಿನ ಮೇಲೆ 8x²y ಎಂದೂ ಅದರ ಕೆಳಗೆ 12xy ಎಂದೂ ಬರೆದರು. ಆಮೇಲೆ ಮಕ್ಕಳ ಕಡೆ ತಿರುಗಿ ಕೂಗಿದರು:

"ಪೂರಾ ಬಿಚ್ಚು!"

"ಬಿಚ್ಚಿದ್ವಿ ಸರ್!" ಎಂದಿತು ಇಡೀ ತರಗತಿ.

"ಎದುರಾಬದುರು ಹರವು!"

"ಹರವಿದ್ವಿ ಸರ್!"

"ಎರಡೂ ಕೈಗೆ?"

"ಸಿಕ್ಕಿದ್ದು ಎತ್ತು!"

"ಒಂದ ಕೈಗೆ?"

"ಸಿಕ್ಕಿದ್ದು ಅಲ್ಲೇ ಬಿಡು!"

ಒಬ್ಬ ಹುಡುಗ ಬಂದು 8x²y ಯನ್ನು ಎರಡು, ಎರಡು, ಎರಡು, x, x, y ಎಂದು ಬಿಡಿಸಿ ಬರೆದ. ಕೆಳಗೆ 12xy ಯನ್ನು ಎರಡು, ಎರಡು, ಮೂರು, x, y ಎಂದು ಬರೆದ. ಎರಡರಲ್ಲೂ ಇರುವುದಕ್ಕೆ ಗೆರೆ ಎಳೆದು 4xy ಎಂದು ಉತ್ತರ ಕೊಟ್ಟ. ಮುಂದಿನ ಲೆಕ್ಕ 5x + 5. ಸಾಮಾನ್ಯವಾದ ಐದನ್ನು ಆವರಣದ ಹೊರಗೆ ತೆಗೆದು ಬರೆಯಬೇಕು. ಇನ್ನೊಬ್ಬ ಹುಡುಗ ಐದನ್ನು ಹೊರಗಿಟ್ಟು ಆವರಣದೊಳಗೆ ಬರೀ x ಬರೆದ.

"ಎರಡನೇ ಐದು ಎಲ್ಲಿ ಹೋತಲೇ?" ಎಂದು ಇವರು ಕೇಳಿದರು.

"ಹೊರಗ ಬಂತಲ್ರಿ ಸರ್."

"ಅದರ ಜಾಗದಾಗ ಏನುಳೀತು?"

"ಏನಿಲ್ಲ ಸರ್."

"ಏನಿಲ್ಲೇನು? ಹಂಗಾರ ಹೊರಗ ಹೋದ ಐದು ಸಂಜಿಗೆ ತಿರುಗಿ ಬಂತು ಅನ್ನು. ಯಾರ ಮನಿಗೆ ಹೋಗಬೇಕು ಅದು? ಗ್ವಾಡಿನೂ ಇಲ್ಲ, ಬಾಗಲಾನೂ ಇಲ್ಲ! ನಿನ್ನ ಹಂಗ ಊರ ಮುಂದಿನ ಕಟ್ಟಿ ಮ್ಯಾಲೆ ಕುಂದ್ರಬೇಕೇನು?"

ತರಗತಿ ಬಿದ್ದು ಬಿದ್ದು ನಕ್ಕಿತು. ಆ ಹುಡುಗನೂ ನಕ್ಕ. ನಗುತ್ತಲೇ x ನ ಪಕ್ಕ ಕೂಡಿಸುವ ಗುರುತು ಹಾಕಿ ಒಂದು ಬರೆದ. "ಐದೊಂದ್ಲ ಐದು ಸರ್" ಎಂದು ತಾನೇ ಕಾರಣ ಹೇಳಿದ.

ನಾನು ನಗಲಿಲ್ಲ. ಹಿಂದಿನ ಬೆಂಚಿನಲ್ಲಿ ಕೂತು "ಸಾಮೂಹಿಕ ಪಠಣ", "ಯಾಂತ್ರಿಕ" ಎಂದು ಬರೆದುಕೊಂಡೆ. ಕೂಗುವಾಗ ಮಕ್ಕಳ ಕೈಗಳು ಡೆಸ್ಕಿನ ಕೆಳಗೆ ಏನನ್ನೋ ತಡಕಾಡುತ್ತಿದ್ದವು. "ಮಕ್ಕಳು ಅನ್ಯಮನಸ್ಕರು" ಎಂದು ಅದನ್ನೂ ಬರೆದೆ.

ಪಾಠ ಮುಗಿದ ಮೇಲೆ ಪಡಸಾಲೆಯಲ್ಲಿ ನಿಲ್ಲಿಸಿ ಅವರಿಗೆ ಹೇಳಿದೆ: "ಸರ್, ಅರ್ಥವಾಗದ್ದನ್ನು ಮಕ್ಕಳಿಂದ ಕೂಗಿಸುವುದು ಹಿಂಸೆಯ ಒಂದು ರೂಪ."

ಅವರು ಸಿಟ್ಟಾಗಲಿಲ್ಲ. ಬೆಂಕಿಪೆಟ್ಟಿಗೆಯೊಳಗೆ ಸೀಮೆಸುಣ್ಣ ಇಟ್ಟು ಮುಚ್ಚಿದರು. "ಅರ್ಥ ಆಗಿಲ್ಲ ಅಂತ ಹೆಂಗ ಗೊತ್ತಾತ್ರಿ ಮೇಡಂ?" ಎಂದರು. ನಾನು ಅದನ್ನು ಎದುರುತ್ತರವೆಂದು ತೆಗೆದುಕೊಂಡೆ. ಇವತ್ತು ಯೋಚಿಸಿದರೆ, ಅದು ಇಂಜಿನ್ನಿನ ಸದ್ದು ಕೇಳಿ ಎಲ್ಲಿ ಕೆಟ್ಟಿದೆ ಎಂದು ಹೇಳುವ ಮೇಸ್ತ್ರಿಯನ್ನು ಇನ್ನೊಬ್ಬ ಮೇಸ್ತ್ರಿ ಕೇಳುವಂಥ ಪ್ರಶ್ನೆ. ಅವರು ತಿಳಿದುಕೊಳ್ಳಲು ಕೇಳಿದ್ದರು. ನಾನು ಒಂದೇ ಒಂದು ಮಗುವನ್ನೂ ಮಾತಾಡಿಸಿರಲಿಲ್ಲ.

"ಹಂಗಾರ ಒಂದು ಪಾಠ ನೀವು ಮಾಡಿ ತೋರಸ್ರಿ. ನಾನೂ ಹಿಂದ ಕುಂತು ನೋಡತೀನಿ" ಎಂದರು.

ಮಾರನೆಯ ವಾರ ಬಣ್ಣದ ಕಾರ್ಡುಗಳನ್ನು ಕತ್ತರಿಸಿಕೊಂಡು ಹೋದೆ. ಬೆಂಚುಗಳನ್ನು ಸರಿಸಿ ಮಕ್ಕಳನ್ನು ಗುಂಪುಗಳಲ್ಲಿ ಕೂರಿಸಿದೆ. ನನ್ನನ್ನು ಅಕ್ಕ ಎಂದು ಕರೆಯಿರಿ, ಇಲ್ಲಿ ತಪ್ಪು ಉತ್ತರ ಎಂಬುದೇ ಇಲ್ಲ ಎಂದು ಹೇಳಿದೆ. ಕಾರ್ಡುಗಳ ಆಟ ಚೆನ್ನಾಗಿಯೇ ನಡೆಯಿತು. ಕೊನೆಗೆ ಬೋರ್ಡಿನ ಮೇಲೆ 12x²y ಎಂದೂ 18xy³ ಎಂದೂ ಬರೆದು, ಸ್ವಲ್ಪ ಹೊತ್ತು ಮಕ್ಕಳ ಉತ್ತರಕ್ಕೆ ಕಾದು, ಆಮೇಲೆ ನಾನೇ 6x²y³ ಎಂದು ಬರೆದೆ. ಅತಿ ದೊಡ್ಡದನ್ನು ಹುಡುಕುತ್ತಿದ್ದೇವಲ್ಲ ಎಂದು ಎರಡೂ ಅಕ್ಷರಗಳ ದೊಡ್ಡ ಘಾತವನ್ನೇ ಎತ್ತಿಕೊಂಡಿದ್ದೆ. ಗಣಿತ ಓದಿ ಇಪ್ಪತ್ತು ವರ್ಷವಾಗಿತ್ತು. ಕಾರ್ಡು ಕತ್ತರಿಸಲು ಎರಡು ದಿನ ಕೊಟ್ಟಿದ್ದೆ. ಲೆಕ್ಕವನ್ನು ಒಮ್ಮೆ ಮಾಡಿ ನೋಡಿರಲಿಲ್ಲ.

ಎರಡನೆಯ ಸಾಲಿನಿಂದ ಒಬ್ಬ ಹುಡುಗಿ ಎದ್ದಳು. "ಅಕ್ಕಾ, ಕೆಳಗಿಂದರಾಗ ಎಕ್ಸ್ ಒಂದ ಐತಿ. ಎರಡು ಎಲ್ಲಿಂದ ತಗೀಲಿ?"

ನನಗೆ ಅವಳ ಪ್ರಶ್ನೆ ಅರ್ಥವಾಗಲಿಲ್ಲ. ಅದಕ್ಕಿಂತ ಕೆಟ್ಟದ್ದು, ಅರ್ಥವಾಗಿಲ್ಲ ಎಂಬುದೂ ನನಗೆ ತಿಳಿಯಲಿಲ್ಲ. "ಬಾಯಿಪಾಠ ಮಾಡಿದ್ದನ್ನು ಸ್ವಲ್ಪ ಬದಿಗಿಟ್ಟು ಯೋಚನೆ ಮಾಡಮ್ಮ" ಎಂದೆ.

ಅವಳು ಕೂರಲಿಲ್ಲ. ಮುಖ ಕೆಂಪಾಯಿತು. ಬೋರ್ಡನ್ನೂ ತನ್ನ ಪುಸ್ತಕವನ್ನೂ ಒಂದೊಂದು ಸಲ ನೋಡಿದಳು. ತರಗತಿಯಲ್ಲಿ ಪಿಸುಮಾತು ಎದ್ದಿತು. ಆಗ ಹಿಂದಿನ ಬೆಂಚಿನಿಂದ ಇವರು ಎದ್ದು ನಿಂತು ಚಪ್ಪಾಳೆ ತಟ್ಟಿದರು.

"ಭೇಷ್! ಸಿಕ್ಕಾಕ್ಕೊಂಡ್ರು ನೋಡ್ರಲೇ ಮೇಡಂ! ಯಾರು ಹಿಡೀತಾರ ನೋಡೂಣು ಅಂತ ಬೇಕಂತನಾ ತಪ್ಪು ಬರದಿದ್ರು. ಈಕಿ ಹಿಡದಾಳ. ಹೊಡೀರಿ ಚಪ್ಪಾಳಿ!"

ಎಲ್ಲರೂ ಚಪ್ಪಾಳೆ ಹೊಡೆದರು. ಅವರು ಮುಂದೆ ಬಂದು, ನನ್ನ ಕೈಯಿಂದಲೇ ಸೀಮೆಸುಣ್ಣ ಇಸಿದುಕೊಂಡು, ಎರಡೂ ಪದಗಳನ್ನು ಬಿಡಿಸಿ ಬರೆದರು. x ಎರಡರಲ್ಲೂ ಸಿಗುವುದು ಒಂದು, y ಎರಡರಲ್ಲೂ ಸಿಗುವುದು ಒಂದು. ಉತ್ತರ 6xy. ಮಕ್ಕಳು ನನ್ನ ಮುಖ ನೋಡಿದರು. "ಹೌದು, ಬೇಕೆಂದೇ ಬರೆದೆ" ಎಂದೆ. ಮಕ್ಕಳೆದುರು ಸುಳ್ಳು ಹೇಳುವುದು ನನ್ನ ಲೆಕ್ಕದಲ್ಲಿ ಶಿಕ್ಷಕರು ಮಾಡಬಹುದಾದ ದೊಡ್ಡ ಅಪರಾಧಗಳಲ್ಲಿ ಒಂದು. ಆ ದಿನ ಅದು ಎಷ್ಟು ಸುಲಭವಾಗಿ ಬಾಯಿಗೆ ಬಂತು ಎಂದರೆ, ಹೇಳಿದ್ದು ನಾನೇ ಎಂದು ಅನ್ನಿಸಲಿಲ್ಲ.

ಸಂಜೆ ಬಸ್ಸಿನವರೆಗೆ ಜೊತೆಯಲ್ಲಿ ನಡೆದು ಬಂದರು. "ಬೋರ್ಡ್ ಮುಂದ ನಿಂತ್ರ ಎಲ್ಲರಿಗೂ ಆಗ್ತತ್ರಿ ಮೇಡಂ. ನನಗ ವಾರಕ್ಕ ಒಮ್ಮಿಯಾರ ಆಗ್ತತಿ. ಹುಡುಗರು ಹಿಡದ್ರ ಸಲಾಂ ಹೊಡದು ಒರಸತೀನಿ. ನೀವು ಹೊಸಬರು, ಅದಕ್ಕ ನಾನು ನಡುವ ಬಾಯಿ ಹಾಕಿದೆ. ತಪ್ಪು ತಿಳಕಾಬ್ಯಾಡ್ರಿ." ಸ್ವಲ್ಪ ದೂರ ಹೋದ ಮೇಲೆ, "ಆ ಹುಡುಗಿಗೆ ಮಾತ್ರ ನಾಳೆ ನೀವಾ ಒಂದು ಮಾತು ಹೇಳ್ರಿ. ಯೋಚನಿ ಮಾಡಿಲ್ಲ ಅಂತ ಅಂದ್ರೆಲ್ಲ, ಅದು ಆಕೀಗೆ ಹತ್ತೇತಿ" ಎಂದರು.

ನಾಳೆ ಹೇಳಲಿಲ್ಲ. ನಾಡಿದ್ದೂ ಹೇಳಲಿಲ್ಲ. ಹಗರಿಬೊಮ್ಮನಹಳ್ಳಿಯ ಕೋಣೆಯಲ್ಲಿ ಕೂತು ವರದಿ ಬರೆದೆ. ಅದರ ಒಂದು ಪ್ರತಿ ಈಗಲೂ ನನ್ನ ಬಳಿ ಇರುವುದರಿಂದ ಇದ್ದುದನ್ನು ಇದ್ದಂತೆ ಕೊಡಬಲ್ಲೆ: "ಬೋಧನೆ ಯಾಂತ್ರಿಕವಾಗಿದ್ದು ಪಠಣವನ್ನೇ ಅವಲಂಬಿಸಿದೆ. ಪರಿಕಲ್ಪನೆಯ ಗ್ರಹಿಕೆ ಇಲ್ಲ. ಮಕ್ಕಳು ಸ್ವತಃ ಶೋಧಿಸುತ್ತಿರುವಾಗ ಶಿಕ್ಷಕರು ನಡುವೆ ಪ್ರವೇಶಿಸಿ ಉತ್ತರವನ್ನು ಹೇಳಿಬಿಡುತ್ತಾರೆ."

ಕೊನೆಯ ವಾಕ್ಯವನ್ನು ಮತ್ತೊಮ್ಮೆ ಓದಬೇಕೆಂದು ಓದುಗರನ್ನು ಕೇಳಿಕೊಳ್ಳುತ್ತೇನೆ. ನನ್ನ ಮರ್ಯಾದೆ ಉಳಿಸಲು ಅವರು ಎದ್ದು ನಿಂತದ್ದನ್ನು ನಾನು ಅವರ ದೋಷವಾಗಿ ದಾಖಲಿಸಿದೆ. ಬರೆಯುವಾಗ ನನಗೆ ಅದು ಸುಳ್ಳೆಂದು ಅನ್ನಿಸಲಿಲ್ಲ, ಎಚ್ಚರದ ಗಮನಿಕೆ ಎನ್ನಿಸಿತ್ತು. ಇದಕ್ಕೆ ಕೃತಘ್ನತೆ ಎಂಬ ಹೆಸರಿದೆ. ಅದಕ್ಕಿಂತ ಮೃದುವಾದ ಹೆಸರು ನನಗೆ ಬೇಡ.

ವರದಿಗಳನ್ನು ಮುಚ್ಚಿಟ್ಟು ಮೇಲಧಿಕಾರಿಗಳಿಗೆ ಕಳಿಸುವುದನ್ನು ನಾನು ವಿರೋಧಿಸುತ್ತಿದ್ದೆ. ಊರಿನವರ ಎದುರೇ ಓದಬೇಕು ಎಂಬುದು ನನ್ನ ಹಟ. ಫೆಬ್ರುವರಿಯಲ್ಲಿ ಶಾಲಾಭಿವೃದ್ಧಿ ಸಮಿತಿಯ ಸಭೆ ಕರೆಸಿ, ನಿಂತು, ಸ್ಪಷ್ಟವಾಗಿ ಓದಿದೆ. ಅವರು ಬಾಗಿಲ ಬಳಿಯ ಕುರ್ಚಿಯಲ್ಲಿ ಕೂತು ಕೊನೆಯವರೆಗೂ ಕೇಳಿದರು. ಏಳನೆಯ ಸಲ ಅವರ ಹೆಸರು ಬಂದಾಗ ಸಮಿತಿಯ ಸದಸ್ಯರೊಬ್ಬರು ಹಿಂತಿರುಗಿ ಅವರನ್ನು ನೋಡಿದರು. ಸಭೆ ಮುಗಿದ ಮೇಲೆ ನಾನು ಕೊಟ್ಟ ಪ್ರತಿಯನ್ನು ಕಣ್ಣಿಗೆ ಹತ್ತಿರ ಹಿಡಿದು ನೋಡಿ, "ಅಕ್ಷರ ಭಾಳ ದುಂಡಗ ಅದಾವ್ರಿ ಮೇಡಂ" ಎಂದರು. ಅವರಿಂದ ಬಂದ ಪ್ರತಿಭಟನೆ ಅಷ್ಟೇ.

ಜೂನಿನಲ್ಲಿ ಅವರನ್ನು ಕರೆಯಲಿಲ್ಲ. ಜುಲೈ ತಿಂಗಳಲ್ಲಿ ಹೋದಾಗ ಅವರ ಜಾಗದಲ್ಲಿ ಒಬ್ಬ ಯುವಕನಿದ್ದ. ಸಮಿತಿಯ ಅಧ್ಯಕ್ಷರ ಅಳಿಯನ ತಮ್ಮ. ಅಧ್ಯಕ್ಷರನ್ನು ಕೇಳಿದೆ.

"ನೀವಾ ಬರದೀರಲ್ರೀ ಮೇಡಂ, ಪಾಠ ಬರಂಗಿಲ್ಲ ಅಂತ. ಫೈಲಿನಾಗ ಐತಿ" ಎಂದರು ಅವರು, ನಗುತ್ತ. "ಅವರ ಮಂದೀದು ಗ್ಯಾರೇಜು ಐತಿ, ಸ್ಪ್ಯಾನರ್ ಹಿಡಕಂಡು ಹೆಂಗೋ ಇರ್ತಾರ ಬಿಡ್ರಿ. ಅವರಿಗ್ಯಾಕ ಲೆಕ್ಕ?"

ಸ್ವಜನ ಪಕ್ಷಪಾತ ಒಂದು. "ಅವರ ಮಂದಿ" ಎಂದು ಅವರ ಸಮುದಾಯವನ್ನೇ ಹೀಗಳೆದ ಆ ಮಾತಿನೊಳಗಿನ ವಿಷ ಇನ್ನೊಂದು. ಎರಡನ್ನೂ ಅಲ್ಲಿಯೇ, ಆಗಲೇ ಹೆಸರಿಸಬೇಕಿತ್ತು. ನಾನು ಸುಮ್ಮನಿದ್ದೆ. ಆ ಶಾಲೆಯ ಒಂದು ಕೋಣೆಯನ್ನು ಗ್ರಂಥಾಲಯಕ್ಕೆ ಬಿಟ್ಟುಕೊಡಲು ಅದೇ ಅಧ್ಯಕ್ಷರ ಸಹಿ ನಮಗೆ ಬೇಕಿತ್ತು. ಸಹಿ ಸಿಕ್ಕಿತು. ಗ್ರಂಥಾಲಯದ ಉದ್ಘಾಟನೆಯಲ್ಲಿ ಮಕ್ಕಳ ಹಕ್ಕುಗಳ ಬಗ್ಗೆ ನಾನು ಮಾತಾಡಿದೆ.

ಎರಡು ವರ್ಷ ಕಳೆದ ಮೇಲೆ, ಕೊಟ್ಟೂರಿನ ಕಾಲೇಜೊಂದರಲ್ಲಿ ತರಬೇತಿ ಮುಗಿಸಿ ಹೊರಟಿದ್ದ ಒಂದು ಮಧ್ಯಾಹ್ನ, ಕಾಲು ತಾನಾಗಿ ಆ ಗ್ಯಾರೇಜಿನ ಕಡೆ ಹೋಯಿತು. ಮುಂದಿನ ಅಂಗಳದಲ್ಲಿ ಅವರ ತಮ್ಮಂದಿರು ಕೆಲಸ ಮಾಡುತ್ತಿದ್ದರು. ಪಕ್ಕದ ತಗಡಿನ ನೆರಳಿನಲ್ಲಿ ಹತ್ತು ಹನ್ನೆರಡು ಮಕ್ಕಳ ನಡುವೆ ಇವರು ಕೂತಿದ್ದರು. ನೆಲದ ಮೇಲೆ ಗೋಣಿತಾಟು. ಅದರ ಮೇಲೆ ಎದುರಾಬದುರಾಗಿ ಎರಡು ಸಾಲು. ಬೋಲ್ಟುಗಳು x, ವಾಷರುಗಳು y, ಸುಣ್ಣದಿಂದ ಎರಡು ಮೂರು ಎಂದು ಬರೆದ ಕಲ್ಲುಗಳು ಸಂಖ್ಯೆಗಳು. ಒಬ್ಬಳು ಚಿಕ್ಕ ಹುಡುಗಿ ಮಂಡಿಯೂರಿ, ಎಡಗೈ ಒಂದು ಸಾಲಿಗೆ, ಬಲಗೈ ಇನ್ನೊಂದು ಸಾಲಿಗೆ ಚಾಚಿದ್ದಳು. ಎರಡೂ ಕೈಗೆ ಒಂದೇ ಸಾಮಾನು ಸಿಕ್ಕಾಗ ಮಾತ್ರ ಒಟ್ಟಿಗೆ ಎತ್ತಿ ಬದಿಗಿಡುತ್ತಿದ್ದಳು. ಎಡಗೈಗೆ ಒಂದು ಬೋಲ್ಟು ಹೆಚ್ಚಾಗಿ ಸಿಕ್ಕಿತು. ಬಲಗೈ ಖಾಲಿ. ಅವಳು ಬೋಲ್ಟನ್ನು ಅಲ್ಲಿಯೇ ಇಟ್ಟಳು.

ಡೆಸ್ಕಿನ ಕೆಳಗೆ ತಡಕಾಡುತ್ತಿದ್ದ ಆ ಕೈಗಳು ಏನು ಮಾಡುತ್ತಿದ್ದವು ಎಂದು ನನಗೆ ಆಗ ತಿಳಿಯಿತು. ನಾನು ನೋಡಲು ಹೋಗುವ ಮೊದಲೇ ಅವರು ಬೋಲ್ಟು ವಾಷರುಗಳನ್ನು ಗೋಣಿಯಲ್ಲಿ ಹೊತ್ತು, ಎರಡು ಬಸ್ಸು ಬದಲಿಸಿ, ಶಾಲೆಗೆ ತಂದು ವಾರಗಟ್ಟಲೆ ಆ ಪಾಠ ಮಾಡಿದ್ದರೆಂದು ಕೇಳಿದಾಗ ಹೇಳಿದರು. ನಾನು ಕೇಳಿದ ಕೂಗು ಆ ಕೈಗಳ ನೆನಪಾಗಿತ್ತು. ಮಕ್ಕಳು ತಾವೇ ಕಂಡುಕೊಂಡಿದ್ದರು. ನನ್ನ ಶಾಲೆ ನನಗೆ ಕಲಿಸಿದ್ದನ್ನೇ ಅವರು ಆ ಹೆಸರುಗಳಿಲ್ಲದೆ ಮಾಡುತ್ತಿದ್ದರು.

"ನೀವು ಅವತ್ತೇ ಯಾಕೆ ಹೇಳಲಿಲ್ಲ ಸರ್?" ಎಂದೆ.

"ನೀವು ಕೇಳಿದ್ರ ಹೇಳತಿದ್ದೆ" ಎಂದರು.

ಚಹಾ ತರಿಸಿದರು. ನಾನು ಎಲ್ಲವನ್ನೂ ಹೇಳಿದೆ. ತಪ್ಪು ಲೆಕ್ಕ, ವರದಿಯ ವಾಕ್ಯ, ಅಧ್ಯಕ್ಷರೆದುರು ಸುಮ್ಮನಿದ್ದದ್ದು, ಎಲ್ಲ. ಕ್ಷಮಿಸಬೇಕು ಎಂದೆ. ಅವರು ಲೋಟವನ್ನು ಕೆಳಗಿಟ್ಟರು.

"ಮಾಫಿ ಅಂದ್ರ ಮಾಫಿ ಆತ್ರಿ. ಅದು ನಿಮ್ಮ ನನ್ನ ನಡುವಿನ ಮಾತು. ಆದ್ರ ಆ ಊರಾಗ ಹದಿನಾಲ್ಕು ವರ್ಷ ಲೆಕ್ಕ ಹೇಳೀನಿ. ಈ ಮೇಷ್ಟ್ರಿಗೆ ಲೆಕ್ಕಾನಾ ಬರತಿದ್ದಿಲ್ಲ ಅಂತ ಈಗ ಅಲ್ಲಿ ಮಂದಿ ತಿಳಕಂಡಾರ. ನೀವು ನನ್ನ ಮುಂದ ಇಲ್ಲಿ ಎಷ್ಟ ಅತ್ರೂ ಅವರಿಗೆ ಕೇಳಸಂಗಿಲ್ಲ. ಎಲ್ಲಿ ನಿಂತು ಓದಿದ್ರೆಲ್ಲ, ಅಲ್ಲೇ ನಿಂತು ಇದನ್ನೂ ಓದ್ರಿ."

"ಓದುತ್ತೇನೆ ಸರ್."

"ಓದ್ರಿ. ಅವರು ಕರದ್ರ ನಾನು ನಾಳೆನಾ ಮೊದಲನೇ ಬಸ್ಸಿಗೆ ಹೋಗತೀನಿ. ಡಬ್ಬಿ ಕಟ್ಟೋದು ಮರತಿಲ್ಲ ನಮ್ಮ ಮನಿಯಾಕಿ."

ಅದೇ ದಿನ ಸಂಜೆ ಸಮಿತಿಗೆ ಪತ್ರ ಬರೆದೆ. ಮೊದಲ ಸಾಲಿನಲ್ಲಿ ತಾರೀಖು, ಆಮೇಲೆ ವರದಿಯಲ್ಲಿ ನಾನು ಬರೆದದ್ದು ಸುಳ್ಳೆಂಬ ಒಪ್ಪಿಗೆ, ಕೊನೆಗೆ ಅವರನ್ನು ಮತ್ತೆ ಕರೆಸಿಕೊಳ್ಳಬೇಕೆಂಬ ಕೋರಿಕೆ. ಪತ್ರವನ್ನು ಚೀಲದಲ್ಲಿಟ್ಟೆ. ಅಧ್ಯಕ್ಷರು ಬದಲಾಗಲಿ ಎಂದು ಮೊದಲು ಕಾದೆ. ಅಧ್ಯಕ್ಷರು ಬದಲಾದರು. ಹೊಸ ಮುಖ್ಯೋಪಾಧ್ಯಾಯಿನಿಯ ಪರಿಚಯವಾಗಲಿ ಎಂದು ಕಾದೆ. ಪರಿಚಯವಾಯಿತು. ನಮ್ಮ ಸಂಸ್ಥೆಯ ಹೆಸರಿಗೆ ಪೆಟ್ಟಾದರೆ ಉಳಿದ ಶಾಲೆಗಳ ಮಕ್ಕಳಿಗೆ ನಷ್ಟ ಎಂದು ನನಗೆ ನಾನೇ ಹೇಳಿಕೊಂಡೆ. ನನ್ನ ಅಂಜಿಕೆಗೆ ಮಕ್ಕಳನ್ನು ಮುಂದಿಟ್ಟುಕೊಂಡದ್ದು ನಾನು ಮಾಡಿದ ತಪ್ಪುಗಳಲ್ಲಿ ಅತ್ಯಂತ ನೀಚವಾದದ್ದು. ಒಮ್ಮೆ ಹಡಗಲಿಯ ಬಸ್ ನಿಲ್ದಾಣದಲ್ಲಿ ಅವರು ಯಾವುದೋ ಇಂಜಿನ್ನಿನ ಭಾಗವನ್ನು ತೊಡೆಯ ಮೇಲಿಟ್ಟುಕೊಂಡು ಕೂತದ್ದನ್ನು ದೂರದಿಂದ ಕಂಡೆ. ಹಣ್ಣಿನ ಅಂಗಡಿಯ ಹಿಂದೆ ನಿಂತೆ, ಅವರ ಬಸ್ಸು ಹೊರಡುವವರೆಗೆ. ಅವರು ಒಮ್ಮೆಯೂ ಫೋನು ಮಾಡಿ ಕೇಳಲಿಲ್ಲ.

ಸುದ್ದಿ ಹೇಳಿದವಳು ಆ ಎರಡನೆಯ ಸಾಲಿನ ಹುಡುಗಿ. ಈಗ ಕೊಟ್ಟೂರಿನಲ್ಲಿ ಪದವಿಯ ಮೊದಲ ವರ್ಷ ಓದುತ್ತಿದ್ದಾಳೆ. ತಗಡಿನ ನೆರಳಿನಲ್ಲಿ ಅವರ ಬಳಿಯೇ ಪಾಠಕ್ಕೆ ಹೋಗುತ್ತಿದ್ದಳು. ತರಬೇತಿಗೆಂದು ನಾನು ಅವಳ ಕಾಲೇಜಿಗೆ ಹೋದಾಗ ಮೆಟ್ಟಿಲ ಮೇಲೆ ತಡೆದಳು. "ಅಕ್ಕಾ, ಸರ್ ಹೋದ್ರು. ಎದಿನೋವು ಅಂತ ಕುಂತವರು ಏಳಲೇ ಇಲ್ಲ. ಹನ್ನೊಂದು ದಿನ ಆತು."

ಅಲ್ಲೇ ಅವಳಿಗೆ ಹೇಳಿದೆ, ಐದು ವರ್ಷ ತಡವಾಗಿ: ಅವತ್ತು ನಾನು ಬೇಕೆಂದು ತಪ್ಪು ಬರೆದಿರಲಿಲ್ಲ, ಯೋಚನೆ ಮಾಡಿದವಳು ನೀನು, ಮಾಡದವಳು ನಾನು.

"ಗೊತ್ತಿತ್ತಕ್ಕಾ" ಎಂದಳು ಅವಳು, ನನ್ನನ್ನು ನೋಯಿಸಬಾರದೆಂಬಂತೆ ಮೆಲ್ಲಗೆ. "ಅವತ್ತ ಕ್ಲಾಸಿನಾಗ ಎಲ್ಲರಿಗೂ ಗೊತ್ತಿತ್ತು. ಸರ್ ಹೊಡೀರಿ ಅಂದ್ರಲ್ಲ, ಅದಕ್ಕ ಹೊಡದ್ವಿ."

ಮುಂದಿನ ತಿಂಗಳು ಸಮಿತಿಯ 'ಇತರೆ ವಿಷಯ'ಗಳಲ್ಲಿ ನನಗೆ ಸಮಯ ಕೊಟ್ಟರು. ಅದೇ ಕೋಣೆ. ಬಹುತೇಕ ಹೊಸ ಮುಖಗಳು. ಹಳೆಯ ಸದಸ್ಯರಲ್ಲಿ ಒಬ್ಬರು ಮಾತ್ರ ಇದ್ದರು, ಅಂದು ಹಿಂತಿರುಗಿ ಅವರನ್ನು ನೋಡಿದವರು. ಹೊಸ ಪತ್ರ ಬರೆದರೆ ನನ್ನ ತಡವನ್ನು ಮುಚ್ಚಿದಂತಾಗುತ್ತದೆ ಎಂದು ಹಳೆಯ ಪತ್ರವನ್ನೇ ಒಯ್ದಿದ್ದೆ. ಅದನ್ನು ಇದ್ದಂತೆಯೇ ಓದಿ, ಆಮೇಲೆ ಅವರು ಇಲ್ಲವೆಂಬುದನ್ನು ಹೇಳಬೇಕು ಎಂದುಕೊಂಡಿದ್ದೆ. ಆದರೆ ನಿಂತು ಪತ್ರ ಬಿಡಿಸಿದಾಗ ತಾರೀಖಿದ್ದ ಮೊದಲ ಸಾಲನ್ನು ಬಿಟ್ಟುಬಿಟ್ಟೆ. ಎರಡನೆಯ ಸಾಲಿನಿಂದ ಓದಿದೆ. ನಾನು ಲೆಕ್ಕ ತಪ್ಪಿದ್ದು, ಅವರು ಕಾಪಾಡಿದ್ದು, ನಾನು ಸುಳ್ಳು ಬರೆದದ್ದು, ಅವರು ಹೇಗೆ ಕಲಿಸುತ್ತಿದ್ದರು ಎಂಬುದು, ಅವರನ್ನು ಮತ್ತೆ ಕರೆಸಿಕೊಳ್ಳಿ ಎಂಬುದು.

ಓದಿ ಮುಗಿಸಿ ಉಸಿರು ತೆಗೆದುಕೊಳ್ಳುವಷ್ಟರಲ್ಲಿ ಮುಖ್ಯೋಪಾಧ್ಯಾಯಿನಿ ಕೈಗೆ ಫೋನು ತೆಗೆದುಕೊಂಡಿದ್ದರು.

"ಇಷ್ಟು ಬಾಯಿಬಿಟ್ಟು ಹೇಳೋದು ಸಣ್ಣ ಮಾತಲ್ರಿ ಮೇಡಂ. ಮತ್ತ ಒಳ್ಳೇ ಹೊತ್ತಿಗೆ ಬಂದೀರಿ. ಲೆಕ್ಕದ ಹುಡುಗ ಬ್ಯಾರೆ ನೌಕರಿ ಸಿಕ್ತು ಅಂತ ಬಿಟ್ಟು ಹೋಗಿ ತಿಂಗಳಾತು, ಹತ್ತನೇತ್ತಿ ಮಕ್ಕಳು ಸುಮ್ಮನ ಕುಂತಾವು. ಅವರ ನಂಬರ್ ಹೇಳ್ರಿ, ಈಗಾ ಫೋನ್ ಹಚ್ಚತೀನಿ. ಸೋಮವಾರದಿಂದಾನಾ ಬರಲಿ."

ಸದಸ್ಯರೆಲ್ಲ ತಲೆಯಾಡಿಸಿದರು. "ಕರೀರಿ ಕರೀರಿ" ಎಂದರು ಒಬ್ಬರು. ಮುಖ್ಯೋಪಾಧ್ಯಾಯಿನಿಯ ಬೆರಳು ಫೋನಿನ ಮೇಲೆ ನನಗಾಗಿ ಕಾಯುತ್ತಿತ್ತು.

ಅವರು ತೀರಿಕೊಂಡರು ಎಂದು ಹೇಳಿದೆ. ಯಾವಾಗ ಎಂಬುದನ್ನೂ ಹೇಳಿದೆ. ಮುಖ್ಯೋಪಾಧ್ಯಾಯಿನಿ ಫೋನನ್ನು ಮೇಜಿನ ಮೇಲೆ ಬೋರಲು ಹಾಕಿದರು.

ಆ ಹಳೆಯ ಸದಸ್ಯರು ಕನ್ನಡಕ ತೆಗೆದು ಪಂಚೆಯ ಚುಂಗಿನಿಂದ ಒರೆಸುತ್ತ ಕೇಳಿದರು: "ಪತ್ರ ಹಳೇದು ಇದ್ದಂಗ ಐತಲ್ಲವಾ. ಮಡಿಕಿ ಹರದು ಹೋಗ್ಯಾವು. ಯಾವಾಗ ಬರದಿದ್ದಿ?"

ಕಾಗದವನ್ನು ಮತ್ತೆ ಬಿಡಿಸಿ, ಎಲ್ಲರಿಗೂ ಕೇಳಿಸುವಂತೆ, ಬಿಟ್ಟಿದ್ದ ಮೊದಲ ಸಾಲನ್ನು ಓದಿದೆ.